ಜರ್ಮನ್ ಮೂಕಿ ಚಿತ್ರಗಳನ್ನು ಕಟ್ಟಿದ ಹೆಂಗಸರು: ಪದೇ ಪದೇ ಕೇಳುವ ಪ್ರಶ್ನೆಗಳು

ಜರ್ಮನಿಯ ಮೂಕಿ ಚಿತ್ರಗಳ ಮಾತೆತ್ತಿದರೆ ಫ್ರಿಟ್ಸ್ ಲಾಂಗ್, ಮುರ್ನೌ, ರಾಬರ್ಟ್ ವೀನೆ, ಪಾಬ್ಸ್ಟ್ ಎಂಬ ನಿರ್ದೇಶಕರ ಹೆಸರುಗಳು ತಟ್ಟನೆ ನಾಲಿಗೆಗೆ ಬರುತ್ತವೆ. ಫಿಲಂ ಸೊಸೈಟಿಗಳಲ್ಲಿ ಚಿತ್ರ ನೋಡಿ ಬೆಳೆದವರೂ ಅದೇ ಸಾಲಿನಲ್ಲಿ ಒಬ್ಬ ಹೆಂಗಸಿನ ಹೆಸರು ಹೇಳಬೇಕಾದರೆ ತಡವರಿಸುತ್ತಾರೆ. ಆ ಕಾಲದಲ್ಲಿ ಹೆಂಗಸರು ಕ್ಯಾಮೆರಾದ ಮುಂದೆ ಮಾತ್ರ ಇದ್ದರು ಎಂಬ ನಂಬಿಕೆ ಅಷ್ಟು ಗಟ್ಟಿಯಾಗಿ ಕೂತುಬಿಟ್ಟಿದೆ. ನಿರ್ದೇಶನ, ನಿರ್ಮಾಣ, ಚಿತ್ರಕಥೆ, ಅನಿಮೇಷನ್, ಚಿತ್ರಮಂದಿರದ ವ್ಯವಹಾರ, ಎಲ್ಲದರಲ್ಲೂ ಅವರಿದ್ದರು. ಅವರ ಹೆಸರುಗಳು ಆಗಿನ ಪತ್ರಿಕೆಗಳಲ್ಲೂ ಪೋಸ್ಟರ್‌ಗಳಲ್ಲೂ ಅಚ್ಚಾಗಿದ್ದವು. ಆಮೇಲೆ ಇತಿಹಾಸ ಬರೆದವರು ಅವನ್ನು ಬಿಟ್ಟರು. ಈ ವಿಷಯದಲ್ಲಿ ಜನ ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಗಳಿವೆ.

ಜರ್ಮನ್ ಮೂಕಿ ಯುಗ ಎಂದರೆ ಯಾವ ಕಾಲ?

1895ರ ನವೆಂಬರ್ 1ರಂದು ಬರ್ಲಿನ್ನಿನ ವಿಂಟರ್‌ಗಾರ್ಟನ್ ರಂಗಮಂದಿರದಲ್ಲಿ ಸ್ಕ್ಲಾಡಾನೋವ್ಸ್ಕಿ ಸೋದರರು ಟಿಕೆಟ್ ಇಟ್ಟು ಚಲಿಸುವ ಚಿತ್ರ ತೋರಿಸಿದಲ್ಲಿಂದ ಲೆಕ್ಕ ಹಿಡಿಯುತ್ತಾರೆ. 1929-30ರ ಹೊತ್ತಿಗೆ ಟಾಕಿಗಳು ಬಂದು ಈ ಯುಗ ಮುಗಿಯಿತು. ಇಲ್ಲಿನ ಉತ್ತರಗಳು ಹೆಚ್ಚಾಗಿ 1910ರಿಂದ 1930ರವರೆಗಿನ ಎರಡು ದಶಕಗಳಿಗೆ ಸೇರಿದವು.

ಜರ್ಮನಿಯ ಮೊದಲ ನಿರ್ದೇಶಕಿ ಯಾರು?

ಸಾಮಾನ್ಯವಾಗಿ ಹೇಳುವ ಹೆಸರು ಓಲ್ಗಾ ವೋಲ್‌ಬ್ರೂಕ್. 1867ರಲ್ಲಿ ಹುಟ್ಟಿದ ಅವರು ರಂಗನಟಿ, ಕಾದಂಬರಿಗಾರ್ತಿ. 1913ರಲ್ಲಿ ಅವರು ನಿರ್ದೇಶಿಸಿದ ಚಿತ್ರದ ಜರ್ಮನ್ ಹೆಸರಿನ ಅರ್ಥ ‘ದಾನಕ್ಕೊಬ್ಬಳು ಹುಡುಗಿ’. ಇಡೀ ಜಗತ್ತಿನ ಲೆಕ್ಕಕ್ಕೆ ಬಂದರೆ ಫ್ರಾನ್ಸಿನ ಆಲಿಸ್ ಗೀ 1890ರ ದಶಕದಲ್ಲೇ ಚಿತ್ರ ಮಾಡಿದ್ದರು.

ಆದರೆ ‘ಮೊದಲಿಗರು’ ಎಂಬ ಪಟ್ಟವನ್ನು ಸ್ವಲ್ಪ ಹುಷಾರಾಗಿ ಬಳಸಬೇಕು. 1910ಕ್ಕೂ ಮುಂಚೆ ಚಿತ್ರ ನಿರ್ದೇಶಿಸಿದವರ ಹೆಸರನ್ನು ತೆರೆಯ ಮೇಲೆ ಹಾಕುವ ಪದ್ಧತಿಯೇ ಗಟ್ಟಿಯಾಗಿರಲಿಲ್ಲ. ಗಂಡ ಹೆಂಡತಿ ಕೂಡಿ ಮಾಡಿದ ಚಿತ್ರಕ್ಕೆ ಗಂಡನ ಹೆಸರೊಂದೇ ಉಳಿದ ಉದಾಹರಣೆಗಳು ಬೇಕಾದಷ್ಟಿವೆ. ವೋಲ್‌ಬ್ರೂಕ್ ಅವರಿಗೂ ಮುಂಚೆ ಬೇರೆ ಯಾರಾದರೂ ಇದ್ದಿರಬಹುದಾದ ಜಾಗ ಖಾಲಿಯೇ ಇದೆ.

ಇವರೆಲ್ಲ ಬೆರಳೆಣಿಕೆಯಷ್ಟು ಮಂದಿ ತಾನೆ? ಇದಕ್ಕೆ ಇಷ್ಟು ಮಹತ್ವ ಏಕೆ?

ನಿರ್ದೇಶಕರ ಕುರ್ಚಿಯನ್ನಷ್ಟೇ ಎಣಿಸಿದರೆ ಬೆರಳೆಣಿಕೆ ನಿಜ. ಆದರೆ ಆ ಕಾಲದ ಚಿತ್ರೋದ್ಯಮ ನಡೆಯುತ್ತಿದ್ದ ರೀತಿಯೇ ಬೇರೆ. ಒಂದು ಚಿತ್ರದ ಕಥೆ ಯಾವುದು, ದುಡ್ಡು ಎಲ್ಲಿಂದ, ನಾಯಕ ಯಾರು, ನಿರ್ದೇಶನಕ್ಕೆ ಯಾರನ್ನು ಕರೆಯಬೇಕು, ಇದೆಲ್ಲ ತೀರ್ಮಾನ ಮಾಡುತ್ತಿದ್ದವರು ಹಲವು ಸಲ ಸ್ವಂತ ಕಂಪನಿ ಇದ್ದ ನಟಿಯರು. ಆಸ್ಟಾ ನೀಲ್ಸನ್, ಹೆನ್ನಿ ಪೋರ್ಟನ್, ಫರ್ನ್ ಆಂದ್ರಾ, ಎಲೆನ್ ರಿಕ್ಟರ್, ವಾಂಡಾ ಟ್ರೊಯ್‌ಮನ್, ಓಸ್ಸಿ ಓಸ್ವಾಲ್ಡಾ ಇವರೆಲ್ಲ ತಮ್ಮ ಹೆಸರಿನಲ್ಲಿ ಅಥವಾ ಪಾಲುದಾರಿಕೆಯಲ್ಲಿ ಕಂಪನಿ ನಡೆಸಿದವರು. ಲೈಪ್‌ತ್ಸಿಗ್ ನಗರದ ಲಿಡ್ಡಿ ಹೆಗೆವಾಲ್ಡ್ ಚಿತ್ರಮಂದಿರಗಳ ಒಡತಿಯಾಗಿ, ಹೆಗೆವಾಲ್ಡ್ ಫಿಲ್ಮ್ ಎಂಬ ಸಂಸ್ಥೆಯನ್ನೂ ನಡೆಸಿದರು. ಚಿತ್ರಕಥೆಯ ಕಡೆ ಬಂದರೆ ತೇಯಾ ಫಾನ್ ಹಾರ್ಬೌ, ಫ್ಯಾನಿ ಕಾರ್ಲ್‌ಸೆನ್, ಜೇನ್ ಬೆಸ್, ಲೂಯಿಸೆ ಹೈಲ್‌ಬಾರ್ನ್ ಕೋರ್ಬಿಟ್ಸ್ ಹೀಗೆ ಸಾಲು ಉದ್ದ ಇದೆ. ಹೈಲ್‌ಬಾರ್ನ್ ಕೋರ್ಬಿಟ್ಸ್ ಅವರು ನಿರ್ದೇಶಕ ಗೆರ್‌ಹಾರ್ಡ್ ಲಾಂಪ್ರೆಕ್ಟ್ ಜೊತೆ ಕೂತು 1925-26ರಲ್ಲಿ ಬರೆದ ಚಿತ್ರಗಳಲ್ಲಿ ಬರ್ಲಿನ್ನಿನ ಬಡವರ ಓಣಿಗಳು, ತಬ್ಬಲಿ ಮಕ್ಕಳ ಪಾಡು ಕಣ್ಣಿಗೆ ಕಟ್ಟುವಂತೆ ಇವೆ.

ಇನ್ನು ಲ್ಯಾಬುಗಳಲ್ಲಿ ನೆಗೆಟಿವ್ ಕತ್ತರಿಸಿ ಅಂಟಿಸುವ, ಪ್ರಿಂಟಿಗೆ ಬಣ್ಣ ಕೊಡುವ ಕೆಲಸ ಮಾಡುತ್ತಿದ್ದವರಲ್ಲಿ ಹೆಣ್ಣುಮಕ್ಕಳೇ ಹೆಚ್ಚು. ಅವರ ಹೆಸರು ತೆರೆಯ ಮೇಲೆ ಬರುವ ಪ್ರಶ್ನೆಯೇ ಇರಲಿಲ್ಲ.

ಅಷ್ಟು ಹಿಂದೆಯೇ ಹೆಂಗಸರಿಗೆ ಇಷ್ಟು ಅವಕಾಶ ಹೇಗೆ ಸಿಕ್ಕಿತು?

ಸಿನಿಮಾ ಆಗ ಹೊಸ ಕಸುಬು. ಅದಕ್ಕೊಂದು ವಿದ್ಯಾಪೀಠ ಇರಲಿಲ್ಲ, ವಂಶಪಾರಂಪರ್ಯ ಇರಲಿಲ್ಲ, ‘ಇದು ಗಂಡಸರ ಕೆಲಸ’ ಎಂದು ಗೆರೆ ಎಳೆಯುವಷ್ಟು ಅದು ಪ್ರತಿಷ್ಠಿತವೂ ಆಗಿರಲಿಲ್ಲ. ಮರ್ಯಾದಸ್ತರು ಮೂಗು ಮುರಿಯುತ್ತಿದ್ದ ಕಾಲದಲ್ಲಿ ರಂಗಭೂಮಿಯಿಂದ, ಸರ್ಕಸ್ಸಿನಿಂದ, ಪತ್ರಿಕೆಗಳಿಂದ ಬಂದ ಹೆಣ್ಣುಮಕ್ಕಳು ಒಳಗೆ ಕಾಲಿಟ್ಟರು.

ಎರಡನೆಯದು ವ್ಯಾಪಾರದ ಕಾರಣ, ನನ್ನ ಮಟ್ಟಿಗೆ ಇದೇ ಮುಖ್ಯ. 1911ರ ಸುಮಾರಿಗೆ ಜರ್ಮನಿಯಲ್ಲಿ ಏಕಸ್ವಾಮ್ಯ ಹಂಚಿಕೆ ಎಂಬ ಪದ್ಧತಿ ಬಲವಾಯಿತು. ಅದಕ್ಕೂ ಮುಂಚೆ ರೀಲುಗಳನ್ನು ಮೀಟರ್ ಲೆಕ್ಕದಲ್ಲಿ ಮಾರುತ್ತಿದ್ದರು. ಯಾರು ಬೇಕಾದರೂ ಕೊಂಡು ತೋರಿಸಬಹುದಿತ್ತು. ಹೊಸ ಪದ್ಧತಿಯಲ್ಲಿ ಒಂದು ಊರಿನಲ್ಲಿ ಒಂದು ಚಿತ್ರ ತೋರಿಸುವ ಹಕ್ಕು ಒಂದೇ ಚಿತ್ರಮಂದಿರಕ್ಕೆ. ಒಬ್ಬ ನಟಿಯ ಹೆಸರಿನಲ್ಲಿ ಇಡೀ ವರ್ಷದ ಸರಣಿಯನ್ನು ಚಿತ್ರ ತಯಾರಾಗುವ ಮೊದಲೇ ಮಾರಿಬಿಡುತ್ತಿದ್ದರು. ಆಸ್ಟಾ ನೀಲ್ಸನ್ ಸರಣಿ ಹೀಗೇ ಮಾರಾಟವಾಯಿತು. ಯಾರ ಹೆಸರಿಗೆ ಮುಂಗಡ ಬರುತ್ತದೋ ಅವರ ಮಾತಿಗೆ ತೂಕ ಬರುತ್ತದೆ. ನಟಿಯರು ಕಂಪನಿ ಕಟ್ಟುವ ಧೈರ್ಯ ಮಾಡಿದ್ದು ಈ ಲೆಕ್ಕಾಚಾರದ ಮೇಲೆ.

ಆಮೇಲೆ ಮಹಾಯುದ್ಧ. ಗಂಡಸರು ಯುದ್ಧಭೂಮಿಗೆ ಹೋದರು, ವಿದೇಶಿ ಚಿತ್ರಗಳ ಆಮದು ನಿಂತಿತು, ಚಿತ್ರಮಂದಿರಗಳಿಗೆ ಮಾತ್ರ ವಾರವಾರವೂ ಹೊಸ ಚಿತ್ರ ಬೇಕೇಬೇಕಿತ್ತು. ಯುದ್ಧ ಮುಗಿದ ಮೇಲೆ, 1918ರ ನವೆಂಬರ್‌ನಲ್ಲಿ, ಹೆಂಗಸರಿಗೆ ಮತದಾನದ ಹಕ್ಕು ಬಂತು. ಜರ್ಮನ್ ನಾಣ್ಯವಾದ ಮಾರ್ಕ್ ಬೆಲೆ ಕುಸಿಯುತ್ತಿದ್ದ ವರ್ಷಗಳಲ್ಲಿ ಚಿತ್ರ ತಯಾರಿಸುವುದು ಅಗ್ಗ, ಹೊರದೇಶಕ್ಕೆ ಮಾರುವುದು ಲಾಭ. ಸಣ್ಣ ಕಂಪನಿಗಳು ನಾಯಿಕೊಡೆಗಳಂತೆ ಎದ್ದವು. 1923ರ ಕೊನೆಗೆ ಹೊಸ ನಾಣ್ಯ ಬಂದು ಹಣ ಸ್ಥಿರವಾದದ್ದೇ ತಡ, ಆ ಕಂಪನಿಗಳಲ್ಲಿ ಬಹಳಷ್ಟು ಮುಳುಗಿದವು. ಉಳಿದದ್ದು ಉಫಾದಂತಹ ದೊಡ್ಡ ಸಂಸ್ಥೆಗಳು, ಅಲ್ಲಿನ ಕುರ್ಚಿಗಳಲ್ಲಿ ಕೂತವರು ಗಂಡಸರು.

ರೋಸಾ ಪೋರ್ಟನ್ ಹೆಸರು ನಾವು ಕೇಳಿಯೇ ಇಲ್ಲವಲ್ಲ?

ಕೇಳದಿರುವುದಕ್ಕೆ ಕಾರಣ ಇದೆ. ತಂಗಿ ಹೆನ್ನಿ ಪೋರ್ಟನ್ ಜರ್ಮನಿಯ ಮನೆಮಾತಾದ ತಾರೆ. ಅಕ್ಕ ರೋಸಾ, ಹುಟ್ಟಿದ್ದು 1884ರಲ್ಲಿ, ಬರೆಯುವವರು. ತಂಗಿಗೆ ಹೆಸರು ತಂದುಕೊಟ್ಟ 1911ರ ಕುರುಡು ಹುಡುಗಿಯ ಪ್ರೇಮಕಥೆಯ ಚಿತ್ರವನ್ನು ಬರೆದವರು ಈ ಅಕ್ಕನೇ. ಮುಂದೆ ಗಂಡ ಫ್ರಾನ್ಸ್ ಎಕ್‌ಸ್ಟೈನ್ ಜೊತೆ ಸೇರಿ ಚಿತ್ರಗಳನ್ನು ನಿರ್ದೇಶಿಸಿದರು. ಅವುಗಳ ಮೇಲೆ ಇದ್ದ ನಿರ್ದೇಶಕರ ಹೆಸರು ‘ಡಾ. ಆರ್. ಪೋರ್ಟೆಗ್’.

ಪೋರ್ಟನ್ ಮತ್ತು ಎಕ್‌ಸ್ಟೈನ್ ಎರಡನ್ನೂ ಬೆಸೆದು ಮಾಡಿದ ಹೆಸರು ಅದು. ಆರ್ ಎಂದರೆ ರೋಸಾ. ಮುಂದೆ ಒಂದು ‘ಡಾಕ್ಟರ್’ ಸೇರಿಸಿದ ಕೂಡಲೇ ಓದಿದವರ ಕಣ್ಣಿಗೆ ಕಾಣುವುದು ಒಬ್ಬ ಗಂಭೀರ ಗಂಡಸು. ಪಟ್ಟಿ ತಯಾರಿಸಿದವರು ಡಾ. ಪೋರ್ಟೆಗ್ ಎಂದರೆ ಎಕ್‌ಸ್ಟೈನ್ ಎಂದು ಬರೆದುಕೊಂಡು ಮುಂದೆ ಹೋದರು. ಆಮೇಲಿನ ಸಂಶೋಧಕರು ಹಳೆಯ ಪತ್ರಿಕೆಗಳನ್ನೂ ಉಳಿದಿರುವ ಪ್ರಿಂಟುಗಳನ್ನೂ ಎದುರುಬದುರು ಇಟ್ಟು ನೋಡಿದ ಮೇಲೆಯೇ ರೋಸಾ ಮತ್ತೆ ಬೆಳಕಿಗೆ ಬಂದದ್ದು. 1918ರಲ್ಲಿ ವಾಂಡಾ ಟ್ರೊಯ್‌ಮನ್ ನಟಿಸಿದ ‘ವಾಂಡಾಳ ಉಪಾಯ’ ಈ ಜೋಡಿಯ ಉಳಿದಿರುವ ಚಿತ್ರಗಳಲ್ಲಿ ಒಂದು. ಅದರ ನಾಯಕಿ ಟ್ರೊಯ್‌ಮನ್, ಕಂಪನಿಯೂ ಅವರ ಪಾಲುದಾರಿಕೆಯದೇ, ನಿರ್ದೇಶನದಲ್ಲೂ ಹೆಣ್ಣಿನ ಕೈ. ರೋಸಾ 1972ರವರೆಗೆ ಬದುಕಿದ್ದರು. ಅಷ್ಟು ವರ್ಷ ಯಾರೂ ಹೋಗಿ ಅವರನ್ನು ಮಾತಾಡಿಸಲಿಲ್ಲವಲ್ಲ ಎಂದು ನೆನೆದರೆ ಹೊಟ್ಟೆ ಉರಿಯುತ್ತದೆ.

ಆಸ್ಟಾ ನೀಲ್ಸನ್ ನಟಿ ಅಲ್ಲವೇ? ಅವರನ್ನು ಚಿತ್ರ ಮಾಡಿದವರು ಎನ್ನಬಹುದೇ?

ಖಂಡಿತ. ಡೆನ್ಮಾರ್ಕಿನ ಈ ನಟಿ 1910ರ ಮೊದಲ ಚಿತ್ರದಿಂದಲೇ ಯುರೋಪಿನಾದ್ಯಂತ ಹೆಸರಾಗಿ, ಮರುವರ್ಷ ಜರ್ಮನಿಗೆ ಬಂದರು. 1920ರಲ್ಲಿ ಬರ್ಲಿನ್ನಿನಲ್ಲಿ ಆರ್ಟ್ ಫಿಲ್ಮ್ ಎಂಬ ಸ್ವಂತ ಕಂಪನಿ ತೆರೆದರು. ಆ ಕಂಪನಿಯ ಮೊದಲ ಸಾಹಸವೇ 1921ರ ‘ಹ್ಯಾಮ್ಲೆಟ್’. ನಿರ್ದೇಶಕರಾಗಿ ಇಬ್ಬರು ಗಂಡಸರ ಹೆಸರಿದೆ: ಸ್ವೆಂಡ್ ಗಾಡೆ, ಹೈನ್ಸ್ ಶಾಲ್. ಆದರೆ ಹ್ಯಾಮ್ಲೆಟ್ ಆಗಿ ತಾವೇ ನಟಿಸಿ, ದುಡ್ಡು ಹೂಡಿ, ಚಿತ್ರವನ್ನು ಆಗುಮಾಡಿದ್ದು ನೀಲ್ಸನ್.

ಅದರ ಕಥೆಯನ್ನು ಸ್ವಲ್ಪ ಹೇಳಲೇಬೇಕು. ರಾಜ ಯುದ್ಧದಲ್ಲಿ ಸತ್ತನೆಂಬ ಸುದ್ದಿ ಬರುತ್ತದೆ. ರಾಣಿ ಆಗತಾನೆ ಹೆತ್ತಿದ್ದಾಳೆ, ಹೆಣ್ಣು ಮಗು. ಸಿಂಹಾಸನ ಕೈತಪ್ಪಬಾರದೆಂದು ಗಂಡು ಮಗು ಎಂದು ಸಾರಿಬಿಡುತ್ತಾಳೆ. ಸತ್ತನೆಂದುಕೊಂಡ ರಾಜ ವಾಪಸ್ ಬರುತ್ತಾನೆ. ಆದರೆ ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವಂತಿಲ್ಲ, ಮಗಳು ಮಗನಾಗಿಯೇ ಬೆಳೆಯಬೇಕು. ಎಡ್ವರ್ಡ್ ವೈನಿಂಗ್ ಎಂಬ ಅಮೆರಿಕನ್ ವಿದ್ವಾಂಸ ಹತ್ತೊಂಬತ್ತನೆಯ ಶತಮಾನದಲ್ಲಿ ಹ್ಯಾಮ್ಲೆಟ್ ಹೆಣ್ಣಾಗಿರಬಹುದು ಎಂದು ವಾದಿಸಿದ್ದ. ಚಿತ್ರ ಆ ಎಳೆಯನ್ನು ಹಿಡಿದಿದೆ. ಗೆಳೆಯ ಹೊರೇಷಿಯೋ ಮೇಲೆ ಈ ಹ್ಯಾಮ್ಲೆಟ್‌ಗೆ ಹೇಳಿಕೊಳ್ಳಲಾಗದ ಪ್ರೀತಿ. ಸಾಯುವ ಗಳಿಗೆಯಲ್ಲಿ ಅವಳನ್ನು ತೋಳಿನಲ್ಲಿ ಹಿಡಿದ ಹೊರೇಷಿಯೋನ ಕೈ ಎದೆಗೆ ತಾಗಿದಾಗಲೇ ಅವನಿಗೆ ಸತ್ಯ ತಿಳಿಯುತ್ತದೆ. ಕಪ್ಪು ಬಟ್ಟೆ, ಗಿಡ್ಡ ಕೂದಲು, ಕಾಲು ಚಾಚಿ ಕೂರುವ ಆ ಭಂಗಿ, ಆ ಕಣ್ಣುಗಳು! ಗಂಡಸಿನ ವೇಷ ಹಾಕಿದ ನಟಿ ಎಂದು ಒಂದು ಕ್ಷಣವೂ ಅನ್ನಿಸುವುದಿಲ್ಲ. ಬಣ್ಣ ಕೊಟ್ಟ ಹಳೆಯ ಪ್ರಿಂಟೊಂದು ಸಿಕ್ಕಿ, ಸರಿಪಡಿಸಿದ ಆವೃತ್ತಿಯನ್ನು 2007ರ ಬರ್ಲಿನ್ ಚಿತ್ರೋತ್ಸವದಲ್ಲಿ ತೋರಿಸಿದರು.

ನಟಿಯರ ಕಂಪನಿಗಳನ್ನು ಬಿಟ್ಟು, ನಿಜವಾಗಿ ನಿರ್ದೇಶನವನ್ನೇ ಕಸುಬಾಗಿ ಮಾಡಿಕೊಂಡವರು ಇದ್ದರೇ?

ಹನ್ನಾ ಹೆನಿಂಗ್ ಇದ್ದರು. 1884ರಲ್ಲಿ ಹುಟ್ಟಿ, ಮಹಾಯುದ್ಧದ ನಡುವೆ ನಿರ್ದೇಶನಕ್ಕಿಳಿದು, ಹತ್ತು ವರ್ಷದೊಳಗೆ ಹತ್ತಾರು ಚಿತ್ರ ಮಾಡಿದರು. ಎಮಿಲ್ ಯಾನಿಂಗ್ಸ್ ನಟಿಸಿದ 1920ರ ‘ಮಹಾ ಬೆಳಕು’ ಅವರದೇ. 1925ರಲ್ಲಿ, ನಲವತ್ತು ದಾಟುತ್ತಿರುವಾಗಲೇ ತೀರಿಕೊಂಡರು. ಇಷ್ಟು ಕೆಲಸ ಮಾಡಿದ ಗಂಡಸು ನಿರ್ದೇಶಕನ ಬಗ್ಗೆ ಈ ಹೊತ್ತಿಗೆ ಎರಡು ಮೂರು ಪುಸ್ತಕ ಬಂದಿರುತ್ತಿದ್ದವು.

ಫರ್ನ್ ಆಂದ್ರಾ ಕಥೆ ಇನ್ನೂ ವಿಚಿತ್ರ. ಅಮೆರಿಕದ ಇಲಿನಾಯ್ ರಾಜ್ಯದಲ್ಲಿ 1893ರಲ್ಲಿ ಹುಟ್ಟಿದವರು, ಹಗ್ಗದ ಮೇಲೆ ನಡೆಯುವ ಕಲಾವಿದೆಯಾಗಿ ಯುರೋಪಿಗೆ ಬಂದವರು. ಯುದ್ಧದ ಕಾಲದಲ್ಲಿ ಬರ್ಲಿನ್ನಿನಲ್ಲಿ ಸ್ವಂತ ಕಂಪನಿ ಇಟ್ಟು ಬರವಣಿಗೆ, ನಟನೆ, ನಿರ್ದೇಶನ, ನಿರ್ಮಾಣ ನಾಲ್ಕನ್ನೂ ಮಾಡಿದರು. 1917ರಲ್ಲಿ ಅಮೆರಿಕ ಜರ್ಮನಿಯ ಮೇಲೆ ಯುದ್ಧ ಸಾರಿದ ಮೇಲೂ ಶತ್ರುದೇಶದ ಈ ಹೆಣ್ಣುಮಗಳು ಅಲ್ಲಿನ ಜನಪ್ರಿಯ ತಾರೆಯಾಗಿಯೇ ಇದ್ದರು. 1922ರ ಜುಲೈ 4ರಂದು ಹ್ಯಾಂಬರ್ಗ್ ಬಳಿ ಅವರಿದ್ದ ವಿಮಾನ ಬಿತ್ತು. ಹಾರಿಸುತ್ತಿದ್ದವರು ಮಹಾಯುದ್ಧದಲ್ಲಿ ‘ರೆಡ್ ಬ್ಯಾರನ್’ ಎಂದು ಹೆಸರಾದ ಯುದ್ಧವಿಮಾನದ ಪೈಲಟ್ ರಿಕ್ಟ್‌ಹೋಫೆನ್ ಅವರ ತಮ್ಮ ಲೋಥಾರ್. ಅವರು ಸತ್ತರು, ಆಂದ್ರಾ ಬದುಕಿಕೊಂಡರು.

ಮಾರಿ ಲೂಯಿಸೆ ಡ್ರೂಪ್ ಅವರನ್ನೂ ಇಲ್ಲಿ ಹೇಳಬೇಕು. ಜರ್ಮನ್ ಹುಡುಗರೆಲ್ಲ ಓದುತ್ತಿದ್ದ ಕಾರ್ಲ್ ಮೈ ಸಾಹಸಕಥೆಗಳನ್ನು ತೆರೆಗೆ ತರಲೆಂದೇ 1920ರಲ್ಲಿ ಉಸ್ತಾದ್ ಫಿಲ್ಮ್ ಸಂಸ್ಥೆ ಕಟ್ಟಿದವರಲ್ಲಿ ಅವರು ಒಬ್ಬರು, ಚಿತ್ರಕಥೆಯೂ ಅವರದೇ. ಮೂರು ಚಿತ್ರ ಬಂದವು, ಕಂಪನಿ ಉಳಿಯಲಿಲ್ಲ.

ಲಾಟೆ ರೈನಿಗರ್ ಅವರನ್ನು ಏಕೆ ಅಷ್ಟೊಂದು ಹೊಗಳುತ್ತಾರೆ?

ಪೂರ್ಣಪ್ರಮಾಣದ ಅನಿಮೇಷನ್ ಚಿತ್ರಗಳಲ್ಲಿ ಇಂದಿಗೂ ಉಳಿದಿರುವ ಅತ್ಯಂತ ಹಳೆಯದನ್ನು ಮಾಡಿದವರು ಅವರು. 1926ರ ‘ರಾಜಕುಮಾರ ಅಹ್ಮದನ ಸಾಹಸಗಳು’, ಸುಮಾರು 65 ನಿಮಿಷದ ಚಿತ್ರ. ಡಿಸ್ನಿಯ ‘ಸ್ನೋ ವೈಟ್’ ಬಂದದ್ದು ಅದಾದ ಹನ್ನೊಂದು ವರ್ಷಕ್ಕೆ. ‘ಅಹ್ಮದ’ ತೆರೆಗೆ ಬಂದಾಗ ರೈನಿಗರ್‌ಗೆ ಇನ್ನೂ 27 ತುಂಬಿರಲಿಲ್ಲ.

1899ರಲ್ಲಿ ಬರ್ಲಿನ್ನಿನಲ್ಲಿ ಹುಟ್ಟಿದ ಈ ಹುಡುಗಿಗೆ ಕತ್ತರಿಯಲ್ಲಿ ಕಪ್ಪು ಕಾಗದ ಕತ್ತರಿಸಿ ಆಕೃತಿ ತೆಗೆಯುವುದು ಚಿಕ್ಕಂದಿನಿಂದ ಬಂದ ವಿದ್ಯೆ. ನಟ, ನಿರ್ದೇಶಕ ಪೌಲ್ ವೇಗೆನರ್ ಅದನ್ನು ಕಂಡು 1918ರ ತಮ್ಮ ಚಿತ್ರದ ಟೈಟಲ್ ಕಾರ್ಡುಗಳಿಗೆ ಅವರಿಂದ ನೆರಳುಚಿತ್ರ ಮಾಡಿಸಿದರು. 1919ರಲ್ಲಿ ಅವರ ಮೊದಲ ಸ್ವಂತ ಕಿರುಚಿತ್ರ ಬಂತು. ಆಮೇಲೆ ಲೂಯಿಸ್ ಹಾಗೆನ್ ಎಂಬ ಬ್ಯಾಂಕರ್. ಹಣದುಬ್ಬರಕ್ಕೆ ಹೆದರಿ ಅವರು ದುಡ್ಡನ್ನೆಲ್ಲ ಕಚ್ಚಾ ಫಿಲ್ಮಿನ ಮೇಲೆ ಹಾಕಿದ್ದರು. ಆ ದಾಸ್ತಾನನ್ನು ಮುಂದಿಟ್ಟು ಉದ್ದದ ಚಿತ್ರವನ್ನೇ ಮಾಡಿ ಎಂದರು. ಪೋಟ್ಸ್‌ಡಾಮ್‌ನಲ್ಲಿ ಹಾಗೆನ್ ಅವರ ಮನೆಯ ಗ್ಯಾರೇಜಿನ ಮೇಲಿನ ಕೋಣೆಯಲ್ಲಿ 1923ರಿಂದ 1926ರವರೆಗೆ ಕೆಲಸ ನಡೆಯಿತು. ಗಂಡ ಕಾರ್ಲ್ ಕೋಖ್ ಕ್ಯಾಮೆರಾ ನೋಡಿಕೊಂಡರು. ವಾಲ್ಟರ್ ರುಟ್‌ಮನ್, ಬರ್ಟೋಲ್ಡ್ ಬಾರ್ಟೋಶ್ ಹಿನ್ನೆಲೆಯ ಮಾಯಾಜಾಲ ಮಾಡಿಕೊಟ್ಟರು. ಸಂಗೀತ ವೋಲ್ಫ್‌ಗಾಂಗ್ ಟ್ಸೆಲ್ಲರ್ ಅವರದು.

ಕೆಲಸ ಹೇಗಿತ್ತು ಎಂದರೆ, ಒಂದೊಂದು ಪಾತ್ರದ ತಲೆ, ಕುತ್ತಿಗೆ, ತೋಳು, ಮುಂಗೈ, ಬೆರಳನ್ನೂ ಬೇರೆ ಬೇರೆಯಾಗಿ ಕಪ್ಪು ರಟ್ಟಿನಲ್ಲಿ ಕತ್ತರಿಸಿ, ಅಲ್ಲಲ್ಲಿ ತೆಳುವಾದ ಸೀಸದ ತಗಡು ಕೊಟ್ಟು, ಕೀಲುಗಳನ್ನು ಸಣ್ಣ ತಂತಿಯಿಂದ ಕಟ್ಟಬೇಕು. ಗೊಂಬೆಯನ್ನು ಗಾಜಿನ ಮೇಜಿನ ಮೇಲೆ ಮಲಗಿಸಬೇಕು. ಕೆಳಗಿನಿಂದ ದೀಪ, ಮೇಲೆ ನೆಟ್ಟಗೆ ಕೆಳಮುಖವಾಗಿ ಕ್ಯಾಮೆರಾ. ಕೈಯನ್ನು ಕೂದಲೆಳೆಯಷ್ಟು ಸರಿಸು, ಒಂದು ಫ್ರೇಮ್ ತೆಗೆ. ಮತ್ತೆ ಸರಿಸು, ಮತ್ತೆ ತೆಗೆ. ಹಿನ್ನೆಲೆಗೆ ತೆಳು ಕಾಗದವನ್ನು ಪದರ ಪದರವಾಗಿ ಹಾಸಿ, ದೂರದ ಬೆಟ್ಟ ಮಸುಕಾಗಿ, ಹತ್ತಿರದ ಮರ ಗಾಢವಾಗಿ ಕಾಣುವಂತೆ ಮಾಡುತ್ತಿದ್ದರು. ಪರಿ ಬಾನು ಎಂಬ ಯಕ್ಷಿ ಗರಿಯ ಉಡುಪು ಕಳಚಿ ಕೊಳಕ್ಕಿಳಿಯುವ ದೃಶ್ಯದಲ್ಲಿ ಆ ಬೆರಳುಗಳ ನಯ ನೋಡಬೇಕು, ರಟ್ಟು ಎಂಬುದೇ ಮರೆತುಹೋಗುತ್ತದೆ.

1926ರ ಮೇ 2ರಂದು ಬರ್ಲಿನ್ನಿನ ಫೋಕ್ಸ್‌ಬ್ಯೂನೆ ರಂಗಮಂದಿರದಲ್ಲಿ ಮೊದಲ ಪ್ರದರ್ಶನ ಆಯಿತು. ಮೂಲ ನೆಗೆಟಿವ್ 1945ರ ಬರ್ಲಿನ್ ಕದನದಲ್ಲಿ ನಾಶವಾಯಿತು. ನಾವು ಈಗ ನೋಡುವುದು ಬ್ರಿಟನ್ನಿನಲ್ಲಿ ಉಳಿದಿದ್ದ ಪ್ರಿಂಟಿನಿಂದ 1990ರ ದಶಕದ ಕೊನೆಗೆ ಫ್ರಾಂಕ್‌ಫರ್ಟಿನಲ್ಲಿ ಸರಿಪಡಿಸಿದ ಪ್ರತಿ.

ಅದೇ 1926ರಲ್ಲಿ ಬೊಂಬಾಯಿಯಲ್ಲಿ ಫಾತ್ಮಾ ಬೇಗಂ ಎಂಬ ಭಾರತದ ಮೊದಲ ನಿರ್ದೇಶಕಿ ‘ಬುಲ್‌ಬುಲ್ ಎ ಪರಿಸ್ತಾನ್’ ತೆಗೆದರು. ಅದೂ ಯಕ್ಷಿಲೋಕದ ಕಥೆಯೇ. ಅದರ ಒಂದು ಪ್ರಿಂಟೂ ಉಳಿದಿಲ್ಲ.

ಇದು ನಮ್ಮ ತೊಗಲುಗೊಂಬೆ ಆಟದ ಹಾಗೆಯೇ?

ನೆರಳಿನಲ್ಲಿ ಕಥೆ ಹೇಳುವ ಮಟ್ಟಿಗೆ ಒಂದೇ ಮನೆತನ. ತೊಗಲುಗೊಂಬೆ ಹದ ಮಾಡಿದ ಚರ್ಮದ್ದು, ಬೆಳಕು ಒಳಗೆ ಹಾಯ್ದು ಬಣ್ಣ ಪರದೆಯ ಮೇಲೆ ಬೀಳುತ್ತದೆ, ಆಡಿಸುವವರು ಹಾಡುತ್ತಾ ಅಲ್ಲೇ ಇರುತ್ತಾರೆ. ರೈನಿಗರ್ ಗೊಂಬೆಯಲ್ಲಿ ಬೆಳಕು ಹಾಯುವುದಿಲ್ಲ, ಬರೀ ಕಪ್ಪು. ಚಿತ್ರದ ಬಣ್ಣ ಪ್ರಿಂಟಿಗೆ ಕೊಟ್ಟದ್ದು.

ತೇಯಾ ಫಾನ್ ಹಾರ್ಬೌ ಫ್ರಿಟ್ಸ್ ಲಾಂಗ್ ಅವರ ಹೆಂಡತಿ ಎಂಬ ಕಾರಣಕ್ಕೆ ಬೆಳೆದವರೇ?

ಇಲ್ಲ. 1922ರಲ್ಲಿ ಮದುವೆಯಾಗುವ ಮುಂಚೆಯೇ ಅವರು ಹೆಸರಾದ ಕಾದಂಬರಿಗಾರ್ತಿ. ಅವರ 1918ರ ‘ಭಾರತದ ಗೋರಿ’ ಕಾದಂಬರಿಯನ್ನು ನಿರ್ದೇಶಕ ಯೋ ಮೈ 1921ರಲ್ಲಿ ಎರಡು ಭಾಗದ ಅದ್ದೂರಿ ಚಿತ್ರ ಮಾಡಿದರು. ಬರ್ಲಿನ್ ಹತ್ತಿರದ ವೋಲ್ಟರ್ಸ್‌ಡಾರ್ಫ್‌ನಲ್ಲಿ ಮಹಾರಾಜರ ಅರಮನೆ, ದೇವಸ್ಥಾನಗಳ ಸೆಟ್ ಎದ್ದಿತ್ತು. ಮುರ್ನೌ ಅವರ ಹಲವು ಚಿತ್ರಗಳಿಗೆ, ಡೆನ್ಮಾರ್ಕಿನ ನಿರ್ದೇಶಕ ಡ್ರೇಯರ್ ಅವರ 1924ರ ‘ಮಿಖಾಯೆಲ್’ ಚಿತ್ರಕ್ಕೆ ಬರೆದವರೂ ಅವರೇ. ‘ಡಾ. ಮಬೂಸೆ’, ‘ನಿಬೆಲುಂಗೆನ್’, ‘ಮೆಟ್ರೊಪೊಲಿಸ್’, ‘ಚಂದ್ರಲೋಕದಲ್ಲಿ ಹೆಣ್ಣು’, ಟಾಕಿ ಬಂದ ಮೇಲೆ ‘ಎಂ’, ಲಾಂಗ್ ಅವರ ಜರ್ಮನ್ ಕಾಲದ ಈ ದೊಡ್ಡ ಚಿತ್ರಗಳಲ್ಲೆಲ್ಲ ಹಾರ್ಬೌ ಕೈ ಇದೆ. ‘ಮೆಟ್ರೊಪೊಲಿಸ್’ ಕಾದಂಬರಿಯಾಗಿಯೂ ಅವರದೇ. ವಿಮರ್ಶಕರಲ್ಲಿ ಒಂದು ಕೆಟ್ಟ ಚಾಳಿ ಬೆಳೆದಿದೆ: ಆ ಚಿತ್ರದಲ್ಲಿ ಮೆಚ್ಚಿದ್ದೆಲ್ಲ ಲಾಂಗ್ ಅವರದು, ಪೇಲವ ಎನಿಸಿದ್ದೆಲ್ಲ ಹಾರ್ಬೌ ಅವರದು ಎಂದು ಹಂಚಿಬಿಡುವುದು. ಇದು ಅನ್ಯಾಯ.

ಹಾಗೆಂದು ಅವರ ಮುಂದಿನ ಬದುಕನ್ನು ಮುಚ್ಚಿಡಲಾಗದು. 1933ರಲ್ಲಿ ಇಬ್ಬರೂ ಬೇರೆಯಾದರು, ಲಾಂಗ್ ದೇಶ ಬಿಟ್ಟರು. ಹಾರ್ಬೌ ಉಳಿದು ನಾಜಿ ಪಕ್ಷಕ್ಕೆ ಸೇರಿದರು, ಆ ಆಡಳಿತದ ಚಿತ್ರಗಳಿಗೆ ಬರೆದರು. 1934ರಲ್ಲಿ ಎರಡು ಚಿತ್ರಗಳನ್ನು ತಾವೇ ನಿರ್ದೇಶಿಸಿದರು. ಪ್ರತಿಭೆಯ ಲೆಕ್ಕ ಬೇರೆ, ಈ ಲೆಕ್ಕ ಬೇರೆ. ಒಂದನ್ನು ತೋರಿಸಿ ಇನ್ನೊಂದನ್ನು ಅಳಿಸಲಾಗುವುದಿಲ್ಲ.

ಹಾರ್ಬೌ ಅವರಿಗೆ ಬೆಳಗಾವಿಯ ನಂಟಿತ್ತು ಎನ್ನುತ್ತಾರೆ, ನಿಜವೇ?

ಪರೋಕ್ಷವಾಗಿ ಇತ್ತು. ಬರ್ಲಿನ್ನಿನಲ್ಲಿ ಓದುತ್ತಾ ಪತ್ರಕರ್ತರಾಗಿ ಬರೆಯುತ್ತಿದ್ದ ಆಯಿ ತೆಂಡೂಲ್ಕರ್ ಜೊತೆ ಅವರು 1930ರ ದಶಕದಲ್ಲಿ ಬಾಳಿದರು. ಎರಡನೆಯ ಮಹಾಯುದ್ಧದ ಹೊತ್ತಿಗೆ ತೆಂಡೂಲ್ಕರ್ ಭಾರತಕ್ಕೆ ಮರಳಿದರು, ಮುಂದೆ ಬೆಳಗಾವಿಯ ಗಾಂಧಿವಾದಿ ಇಂದುಮತಿ ಗುಣಾಜಿ ಅವರನ್ನು ಮದುವೆಯಾದರು. ಹಾರ್ಬೌ 1954ರಲ್ಲಿ ಬರ್ಲಿನ್ನಿನಲ್ಲಿ ತೀರಿಕೊಂಡರು. ಅವರೇ ಬರೆದಿದ್ದ 1921ರ ಮೂಕಿ ಚಿತ್ರವೊಂದರ ಪ್ರದರ್ಶನ ಮುಗಿಸಿ ಹೊರಬರುವಾಗ ಬಿದ್ದು ಪೆಟ್ಟಾಗಿತ್ತು.

ಸಾಕ್ಷ್ಯಚಿತ್ರಗಳಲ್ಲಿ ಹೆಂಗಸರು ಇದ್ದರೇ?

ಇದ್ದರು, ಈ ಕಡೆ ಇನ್ನೂ ಹೆಚ್ಚು ಹುಡುಕಾಟ ಆಗಬೇಕು. ಗೆರ್ಟ್ರುಡ್ ಡಾವಿಡ್ ಗೆರ್ವಿಡ್ ಫಿಲ್ಮ್ ಎಂಬ ಸಂಸ್ಥೆ ನಡೆಸಿ, ಚರ್ಚಿನ ಸೇವಾಸಂಸ್ಥೆಗಳ ಬಗ್ಗೆ ಚಿತ್ರ ತೆಗೆದರು. ಲೋಲಾ ಕ್ರೊಯ್ಟ್ಸ್‌ಬೆರ್ಗ್ ಕ್ಯಾಮೆರಾ ಹೊತ್ತು ಬಾಲಿ ದ್ವೀಪದವರೆಗೆ ಹೋದರು.

ನನಗೆ ಹೆಚ್ಚು ಹತ್ತಿರವಾದವರು ಫ್ರಾಂಕ್‌ಫರ್ಟಿನ ಎಲ್ಲಾ ಬೆರ್ಗ್‌ಮನ್ ಮಿಶೆಲ್. ಮೂಲತಃ ಚಿತ್ರಕಲಾವಿದೆ. ಟಾಕಿ ಬಂದಿದ್ದರೂ 1931-33ರಲ್ಲಿ ಅವರು ತೆಗೆದದ್ದು ಮೂಕಿ ಕಿರುಚಿತ್ರಗಳನ್ನೇ. ಒಂದರಲ್ಲಿ ಕೆಲಸ ಕಳೆದುಕೊಂಡವರು ಕೆಲಸವಿಲ್ಲದವರಿಗೆ ಅಡುಗೆ ಮಾಡಿ ಬಡಿಸುತ್ತಾರೆ. ಇನ್ನೊಂದರಲ್ಲಿ ಪರವಾನಗಿ ಇಲ್ಲದ ಬೀದಿ ವ್ಯಾಪಾರಿಗಳು ಪೊಲೀಸರ ಕಣ್ಣು ತಪ್ಪಿಸಿ ಗಂಟುಮೂಟೆ ಕಟ್ಟುತ್ತಾರೆ. 1932ರ ಚುನಾವಣೆಯ ಗದ್ದಲ, ಗೋಡೆಗಳ ಪೋಸ್ಟರ್, ಬೀದಿ ಮೂಲೆಯಲ್ಲಿ ನಿಂತು ವಾದಿಸುವ ಜನ, ಇದನ್ನು ತೆಗೆಯುತ್ತಿದ್ದ ಚಿತ್ರ ಅರ್ಧಕ್ಕೆ ನಿಂತಿತು. ಹಿಟ್ಲರ್ ಅಧಿಕಾರಕ್ಕೆ ಬಂದಿದ್ದ.

ಲೆನಿ ರೀಫೆನ್‌ಸ್ಟಾಲ್ ಅವರನ್ನು ಏಕೆ ಸೇರಿಸಿಲ್ಲ?

ನಾಜಿ ಪ್ರಚಾರಚಿತ್ರಗಳಿಂದ ಹೆಸರಾದ ಈ ನಿರ್ದೇಶಕಿ ಮೂಕಿ ಕಾಲದಲ್ಲಿ ನರ್ತಕಿ ಮತ್ತು ನಟಿ ಮಾತ್ರ. ನಿರ್ದೇಶಿಸಿದ ಮೊದಲ ಚಿತ್ರ ‘ನೀಲಿ ಬೆಳಕು’ 1932ರದು, ಟಾಕಿ. ಆ ಚಿತ್ರಕ್ಕೆ ಬರೆದವರಲ್ಲಿ ಒಬ್ಬರಾದ ಬೇಲಾ ಬಲಾಜ್ ಯಹೂದಿ ಎಂಬ ಕಾರಣಕ್ಕೆ ನಾಜಿ ಕಾಲದ ಮರುಬಿಡುಗಡೆಯಲ್ಲಿ ಅವರ ಹೆಸರು ಮಾಯವಾಯಿತು. ಜರ್ಮನ್ ನಿರ್ದೇಶಕಿ ಎಂದರೆ ರೀಫೆನ್‌ಸ್ಟಾಲ್ ಒಬ್ಬರೇ ಎಂಬಂತಾಗಿರುವುದು ಉಳಿದವರಿಗೆಲ್ಲ ಆದ ದೊಡ್ಡ ನಷ್ಟ.

ಆಗ ಚಿತ್ರ ನೋಡುತ್ತಿದ್ದವರು, ಅದರ ಬಗ್ಗೆ ಬರೆಯುತ್ತಿದ್ದವರು ಯಾರು?

ಪ್ರೇಕ್ಷಕರಲ್ಲಿ ಹೆಂಗಸರು ದೊಡ್ಡ ಸಂಖ್ಯೆಯಲ್ಲಿದ್ದರು. ಇದು ನಮಗೆ ಗೊತ್ತಾಗಿರುವುದೂ ಒಬ್ಬ ಹೆಂಗಸಿನಿಂದಲೇ: ಎಮಿಲಿ ಆಲ್ಟೆನ್‌ಲೋ ಮಾನ್‌ಹೈಮ್ ಊರಿನ ಪ್ರೇಕ್ಷಕರಿಗೆ ಪ್ರಶ್ನಾವಳಿ ಹಂಚಿ, ಯಾರು ಯಾವ ಚಿತ್ರಕ್ಕೆ ಏಕೆ ಹೋಗುತ್ತಾರೆ ಎಂದು ವಿಚಾರಿಸಿ, 1914ರಲ್ಲಿ ಸಿನಿಮಾದ ಸಮಾಜಶಾಸ್ತ್ರದ ಬಗ್ಗೆ ಪ್ರಬಂಧ ಪ್ರಕಟಿಸಿದರು. ಈ ವಿಷಯದಲ್ಲಿ ಜಗತ್ತಿನ ಮೊದಮೊದಲ ಅಧ್ಯಯನಗಳಲ್ಲಿ ಅದು ಒಂದು.

ಬರವಣಿಗೆಯಲ್ಲಿ ಲಾಟೆ ಐಸ್ನರ್ ಹೆಸರು ದೊ‌ಡ್ಡದು. 1927ರಿಂದ ‘ಫಿಲ್ಮ್ ಕುರಿಯರ್’ ಪತ್ರಿಕೆಗೆ ಬರೆದು, 1933ರಲ್ಲಿ ಪ್ಯಾರಿಸ್‌ಗೆ ತಪ್ಪಿಸಿಕೊಂಡು ಹೋಗಿ, ಅಲ್ಲಿನ ಸಿನಿಮಾ ಸಂಗ್ರಹಾಲಯದಲ್ಲಿ ದಶಕಗಟ್ಟಲೆ ಹಳೆಯ ಚಿತ್ರಗಳನ್ನು ಕಾಪಾಡಿದರು. 1974ರಲ್ಲಿ ಅವರಿಗೆ ಕಾಯಿಲೆ ಎಂದು ಕೇಳಿ ನಿರ್ದೇಶಕ ವೆರ್ನರ್ ಹೆರ್ಜೋಗ್ ಮ್ಯೂನಿಕ್‌ನಿಂದ ಪ್ಯಾರಿಸ್‌ವರೆಗೆ ನಡೆದುಕೊಂಡೇ ಹೋದರು, ಹಾಗೆ ನಡೆದರೆ ಅವರು ಬದುಕುತ್ತಾರೆ ಎಂಬ ನಂಬಿಕೆಯಿಂದ. ಐಸ್ನರ್ ಇನ್ನೂ ಒಂಬತ್ತು ವರ್ಷ ಬದುಕಿದರು.

ಇಷ್ಟೆಲ್ಲ ಮಾಡಿದವರ ಹೆಸರು ಅಳಿದದ್ದು ಹೇಗೆ?

ಮೊದಲು ಚಿತ್ರಗಳೇ ಅಳಿದವು. ಆಗಿನ ಫಿಲ್ಮು ನೈಟ್ರೇಟಿನದು, ಕಿಡಿ ತಾಗಿದರೆ ಭಗ್ಗನೆ ಹತ್ತಿಕೊಳ್ಳುವಂಥದ್ದು, ಸುಮ್ಮನೆ ಇಟ್ಟರೂ ಕೊಳೆತು ಪುಡಿಯಾಗುವಂಥದ್ದು. ಓಡಿ ಮುಗಿದ ಪ್ರಿಂಟುಗಳನ್ನು ಬೆಳ್ಳಿಗಾಗಿ ಕರಗಿಸಿದರು. ಯುದ್ಧದ ಬಾಂಬುಗಳು ಬೇರೆ. ಮೂಕಿ ಚಿತ್ರಗಳಲ್ಲಿ ಬಹುಪಾಲು ಹೀಗೆ ಹೋದವು. ಸಣ್ಣ ಕಂಪನಿಗಳ ಚಿತ್ರಗಳನ್ನು ಕಾಯಲು ಯಾರೂ ಇರಲಿಲ್ಲ. ಹೆಂಗಸರು ಕಟ್ಟಿದ ಕಂಪನಿಗಳು ಹೆಚ್ಚಾಗಿ ಸಣ್ಣವೇ.

ಆಮೇಲೆ ಇತಿಹಾಸ ಬರೆದ ಕ್ರಮ. ‘ನಿರ್ದೇಶಕನೇ ಚಿತ್ರದ ಕರ್ತೃ’ ಎಂಬ ಮಾತು ಯುದ್ಧಾನಂತರ ಪ್ರಬಲವಾದಾಗ ಬರೆದವರು, ಹಣ ಹಾಕಿದವರು, ಕತ್ತರಿಸಿ ಜೋಡಿಸಿದವರು ಅಡಿಟಿಪ್ಪಣಿಗೆ ಇಳಿದರು. ಇತಿಹಾಸಕಾರರು ಮೆಚ್ಚಿದ್ದು ಎಕ್ಸ್‌ಪ್ರೆಷನಿಸಂ ಎಂಬ, ಸೊಟ್ಟ ಸೆಟ್ಟುಗಳ, ಗಾಢ ನೆರಳುಗಳ ಒಂದು ಶೈಲಿಯನ್ನು. ಅವತ್ತಿನ ಜನ ಮುಗಿಬಿದ್ದು ನೋಡುತ್ತಿದ್ದ ಹಾಸ್ಯ, ಸಂಸಾರದ ಕಥೆ, ಸಾಹಸ ಚಿತ್ರಗಳು ಲೆಕ್ಕಕ್ಕೇ ಬರಲಿಲ್ಲ. ಹೆನಿಂಗ್, ರೋಸಾ ಪೋರ್ಟನ್, ಎಲೆನ್ ರಿಕ್ಟರ್ ಕೆಲಸ ಮಾಡಿದ್ದು ಈ ಜನಪ್ರಿಯ ಜಾಗದಲ್ಲಿ. ಅಡ್ಡಹೆಸರು, ಗಂಡನ ಹೆಸರಿನ ವಿಷಯ ಮೇಲೆ ಹೇಳಿಯಾಗಿದೆ.

1933ರ ನಂತರ ಇವರ ಪಾಡೇನಾಯಿತು?

ಯಹೂದಿಗಳನ್ನು ಚಿತ್ರೋದ್ಯಮದಿಂದ ಹೊರದಬ್ಬಿದರು. ಚಿತ್ರಕಥೆಗಾರ್ತಿ ಜೇನ್ ಬೆಸ್ 1944ರಲ್ಲಿ ಆಶ್‌ವಿಟ್ಸ್ ಎಂಬ ನಾಜಿ ಶಿಬಿರದಲ್ಲಿ ಕೊಲೆಯಾದರು. ಎಲೆನ್ ರಿಕ್ಟರ್ ಗಂಡ ವಿಲ್ಲಿ ವೋಲ್ಫ್ ಜೊತೆ ದೇಶ ಬಿಟ್ಟರು. ವಿಯೆನ್ನಾದಿಂದ ಬಂದು 1920ರ ದಶಕದಲ್ಲಿ ಬರ್ಲಿನ್ನಿನಲ್ಲಿ ಗಂಡನ ಜೊತೆ ಚಿತ್ರ ಮಾಡುತ್ತಿದ್ದ ಲೂಯಿಸೆ ಫ್ಲೆಕ್ ಅವರ ಗಂಡ ಯಾಕೋಬ್‌ನನ್ನು ಡಾಖಾವ್, ಬೂಖೆನ್‌ವಾಲ್ಡ್ ಶಿಬಿರಗಳಿಗೆ ಹಾಕಿದರು. ಬಿಡುಗಡೆಯಾದ ಮೇಲೆ ದಂಪತಿ ಶಾಂಘೈಗೆ ಓಡಿ, ಅಲ್ಲಿಯೂ ಸುಮ್ಮನೆ ಕೂರದೆ ಚೀನೀ ನಿರ್ದೇಶಕ ಫೇ ಮು ಜೊತೆ ಒಂದು ಚಿತ್ರ ಮಾಡಿದರು. ಹೆನ್ನಿ ಪೋರ್ಟನ್ ಯಹೂದಿ ಗಂಡನಿಗೆ ವಿಚ್ಛೇದನ ಕೊಡಲು ಒಪ್ಪಲಿಲ್ಲ, ಅವಕಾಶಗಳು ಬತ್ತಿಹೋದವು. ರೈನಿಗರ್ ಮತ್ತು ಕೋಖ್ ದೇಶದಿಂದ ದೇಶಕ್ಕೆ ಅಲೆದು, ಯುದ್ಧದ ನಂತರ ಲಂಡನ್ನಿನಲ್ಲಿ ನೆಲೆಸಿದರು. ಕತ್ತರಿ ಬಿಡಲಿಲ್ಲ: 1955ರಲ್ಲಿ ಅವರ ಕಿರುಚಿತ್ರಕ್ಕೆ ವೆನಿಸ್ಸಿನಲ್ಲಿ ಬಹುಮಾನ ಬಂತು.

ಭಾರತದ ಹೆಂಗಸರು ಯಾರಾದರೂ ಆ ಜರ್ಮನ್ ಸ್ಟುಡಿಯೋಗಳಲ್ಲಿ ಕೆಲಸ ಕಲಿತಿದ್ದಾರೆಯೇ?

ದೇವಿಕಾ ರಾಣಿ. ಅವರ ಮೊದಲ ಗಂಡ ಹಿಮಾಂಶು ರಾಯ್ ಮತ್ತು ಮ್ಯೂನಿಕ್‌ನ ನಿರ್ದೇಶಕ ಫ್ರಾನ್ಸ್ ಓಸ್ಟೆನ್ ಸೇರಿ ಮಾಡಿದ 1929ರ ‘ಪ್ರಪಂಚ ಪಾಶ’ ಮೂಕಿ ಚಿತ್ರದಲ್ಲಿ ಅವರ ಕೆಲಸ ವಸ್ತ್ರ, ವಿನ್ಯಾಸದ ಕಡೆಗಿತ್ತು. ಆಮೇಲೆ ಬರ್ಲಿನ್ನಿಗೆ ಹೋಗಿ ಉಫಾ ಸ್ಟುಡಿಯೋದಲ್ಲಿ ಚಿತ್ರ ತಯಾರಿಕೆಯ ಕೆಲಸ ಹತ್ತಿರದಿಂದ ಕಲಿತರು. 1934ರಲ್ಲಿ ಬಾಂಬೆ ಟಾಕೀಸ್ ಶುರುವಾದಾಗ ಓಸ್ಟೆನ್, ಕ್ಯಾಮೆರಾಮನ್ ಯೋಸೆಫ್ ವಿರ್ಶಿಂಗ್ ಮುಂತಾದ ಜರ್ಮನ್ನರೂ ಜೊತೆಗೆ ಬಂದರು; ರಾಯ್ ತೀರಿಕೊಂಡ ಮೇಲೆ ಸ್ಟುಡಿಯೋ ನಡೆಸಿದವರು ದೇವಿಕಾ ರಾಣಿಯೇ. ನಮ್ಮವರಿಗೆ ಅವರು ಗೊತ್ತಿರುವುದು ಕನಕಪುರ ರಸ್ತೆಯ ತಾತಗುಣಿ ಎಸ್ಟೇಟಿನಿಂದ, ಕಲಾವಿದ ರೋರಿಚ್ ಅವರ ಪತ್ನಿಯಾಗಿ. 1994ರಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು.

ಎಲ್ಲಿಂದ ನೋಡಲು ಶುರುಮಾಡಲಿ?

ರೈನಿಗರ್ ಅವರ ಅಹ್ಮದನಿಂದ. ಮಕ್ಕಳ ಜೊತೆ ಕೂತು ನೋಡಬಹುದು, ಭಾಷೆಯ ತೊಡಕಿಲ್ಲ. ಎರಡನೆಯದು ನೀಲ್ಸನ್ ‘ಹ್ಯಾಮ್ಲೆಟ್’. ಆಮೇಲೆ ‘ಮೆಟ್ರೊಪೊಲಿಸ್’, ಹಿಂದೆ ನೋಡಿದ್ದರೂ ಈ ಸಲ ಹಾರ್ಬೌ ಬರೆದ ಚಿತ್ರವೆಂದು ನೋಡಿ. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಸಿಕ್ಕ ರೀಲುಗಳನ್ನು ಸೇರಿಸಿದ 2010ರ ಆವೃತ್ತಿಯೇ ಆಗಲಿ. ಬೆರ್ಗ್‌ಮನ್ ಮಿಶೆಲ್ ಅವರ ಕಿರುಚಿತ್ರಗಳು ಸಿಕ್ಕರೆ ಬಿಡಬೇಡಿ.

ಓದುವವರಿಗೆ ಕೊಲಂಬಿಯಾ ವಿಶ್ವವಿದ್ಯಾಲಯದ ‘ವಿಮೆನ್ ಫಿಲ್ಮ್ ಪಯೊನಿಯರ್ಸ್’ ಯೋಜನೆಯ ಜಾಲತಾಣ ಉಚಿತವಾಗಿದೆ. ಜರ್ಮನ್ ಚಿತ್ರಗಳ ವಿವರಕ್ಕೆ ‘ಫಿಲ್ಮ್ ಪೋರ್ಟಲ್’. ಫ್ರಾಂಕ್‌ಫರ್ಟಿನ ‘ಕಿನೊಥೆಕ್ ಆಸ್ಟಾ ನೀಲ್ಸನ್’ ಹೆಂಗಸರ ಚಿತ್ರಗಳನ್ನು ಹುಡುಕಿ ತೋರಿಸುವುದಕ್ಕೆಂದೇ ಇರುವ ಸಂಸ್ಥೆ.

ನೋಡುವಾಗ ಎರಡು ವಿಷಯ. ಅವಸರದ ನಡಿಗೆಯ, ತಮಾಷೆಯಾಗಿ ಓಡುವ ಪ್ರತಿ ಸಿಕ್ಕರೆ ಅದು ತಪ್ಪು ವೇಗದಲ್ಲಿ ಓಡಿಸಿದ್ದು, ಬೇರೆ ಪ್ರತಿ ಹುಡುಕಿ. ಸಂಗೀತವನ್ನು ಬಂದ್ ಮಾಡಿ ನೋಡಬೇಡಿ. ಮೂಕಿ ಚಿತ್ರಗಳನ್ನು ಪಿಯಾನೋ ಅಥವಾ ವಾದ್ಯವೃಂದದ ಜೊತೆಗೇ ತೋರಿಸುತ್ತಿದ್ದರು, ಅಹ್ಮದನಿಗೆ ಟ್ಸೆಲ್ಲರ್ ಬರೆದ ಸಂಗೀತ ಇವತ್ತಿಗೂ ಅದರ ಜೊತೆಗೇ ಸಿಗುತ್ತದೆ.